ಮಿದುಳು ಬೆಳೆಯುವ ಬಗೆ ಮತ್ತು ನಮ್ಮ ಮಕ್ಕಳ ಕನ್ನಡ ಓದು

(ಬಂದ್ಯೋಡಿನಲ್ಲಿ ಕನ್ನಡ ಮಾಧ್ಯಮ ವಿದ್ಯಾರ್ಥಿಗಳ ಹೆತ್ತವರ ಸಭೆಯಲ್ಲಿ ಮಾಡಿದ ಭಾಷಣದ ಬರಹ ರೂಪ)



ಪ್ರತಿ ವರ್ಷ ಪರೀಕ್ಷೆ ಮುಗಿದು ಬೇಸಿಗೆ ರಜೆ ಹತ್ತಿರವಾಗುವಾಗ ನಮ್ಮ ಮನೆಗಳಲ್ಲಿ ಒಂದು ಮಾತು ಏಳುತ್ತದೆ. ಮಗು ಎರಡನೆಯದೋ ಮೂರನೆಯದೋ ತರಗತಿ ಮುಗಿಸಿರುತ್ತದೆ. ಓದುವಾಗ ಇನ್ನೂ ತಡವರಿಸುತ್ತದೆ, ಒತ್ತಕ್ಷರ ಬಂದಲ್ಲಿ ನಿಲ್ಲುತ್ತದೆ. ನೆರೆಮನೆಯ ಮಗು ಇಂಗ್ಲಿಷ್ ಮಾಧ್ಯಮ ಶಾಲೆಯ ಬಸ್ಸು ಹತ್ತಿ ಹೋಗುವುದು ದಿನವೂ ಕಣ್ಣಿಗೆ ಬೀಳುತ್ತದೆ. ಮನೆಯಲ್ಲಿ ತುಳುವೋ ಬ್ಯಾರಿಯೋ ಕೊಂಕಣಿಯೋ, ಪೇಟೆಯಲ್ಲಿ ಮಲಯಾಳ, ಶಾಲೆಯಲ್ಲಿ ಕನ್ನಡ, ಅದರ ಜೊತೆಗೆ ಇಂಗ್ಲಿಷ್, ಮುಂದೆ ಹಿಂದಿ. "ಇಷ್ಟೆಲ್ಲ ಭಾಷೆ ಈ ಸಣ್ಣ ತಲೆಗೆ ಹೊರೆಯಲ್ಲವೇ? ಈಗಲೇ ಶಾಲೆ ಬದಲಿಸಿದರೆ ಒಳ್ಳೆಯದಲ್ಲವೇ?" ಎಂದು ಹೆತ್ತವರು ಕೇಳುತ್ತಾರೆ.

ಇದು ನ್ಯಾಯವಾದ ಪ್ರಶ್ನೆ. ಭಾಷಾಭಿಮಾನದ ಘೋಷಣೆಯಿಂದ ಇದಕ್ಕೆ ಉತ್ತರ ದೊರೆಯದು. ಪ್ರಶ್ನೆ ಇರುವುದು ಮಗುವಿನ ತಲೆಯ ಬಗ್ಗೆ. ಆದುದರಿಂದ ತಲೆಯೊಳಗಿನ ಮಿದುಳು ಹೇಗೆ ಬೆಳೆಯುತ್ತದೆ ಎಂಬುದನ್ನು ಜೀವಮಾನವಿಡೀ ಅಭ್ಯಾಸ ಮಾಡಿದವರ ಪುಸ್ತಕಗಳನ್ನೇ ನೋಡೋಣ. ನಾನು ವೈದ್ಯನಲ್ಲ. ಇಂತಹ ಪುಸ್ತಕಗಳನ್ನು ಆಸಕ್ತಿಯಿಂದ ಓದಿದವನು ಮಾತ್ರ. ಓದಿದ್ದರಲ್ಲಿ ನಮಗೆ ಉಪಯೋಗಕ್ಕೆ ಬರುವಷ್ಟನ್ನು ತಮ್ಮ ಮುಂದಿಡುತ್ತೇನೆ.

ಮುಖ್ಯವಾಗಿ ಇಬ್ಬರ ಪುಸ್ತಕಗಳು. ಒಬ್ಬರು ಅಮೆರಿಕದ ನರವಿಜ್ಞಾನಿ ಲೀಸ್ ಎಲಿಯಟ್. ಅವರು ವಿಜ್ಞಾನಿ ಮಾತ್ರವಲ್ಲ, ಮಕ್ಕಳ ತಾಯಿಯೂ ಹೌದು. ಹುಟ್ಟುವ ಮೊದಲಿನಿಂದ ಐದು ವರ್ಷದವರೆಗೆ ಮಗುವಿನ ಮಿದುಳು ಹೇಗೆ ಬೆಳೆಯುತ್ತದೆ ಎಂಬುದನ್ನು ಹೆತ್ತವರಿಗಾಗಿ 1999ರಲ್ಲಿ 'ವಾಟ್ಸ್ ಗೋಯಿಂಗ್ ಆನ್ ಇನ್ ದೇರ್?' ಎಂಬ ಪುಸ್ತಕದಲ್ಲಿ ಬರೆದರು. ಇನ್ನೊಬ್ಬರು ಪ್ಯಾರಿಸ್ಸಿನ ಸ್ಟಾನಿಸ್ಲಾಸ್ ದೆಹಾನ್. ಓದು ಬರಹ ಕಲಿಯುವಾಗ ಮಿದುಳಿನಲ್ಲಿ ಏನಾಗುತ್ತದೆ ಎಂಬುದರ ಕುರಿತು ಅವರು ಬರೆದ 'ರೀಡಿಂಗ್ ಇನ್ ದ ಬ್ರೈನ್' ಇಂಗ್ಲಿಷಿನಲ್ಲಿ 2009ರಲ್ಲಿ ಬಂತು. 'ಹೌ ವಿ ಲರ್ನ್' 2020ರಲ್ಲಿ ಬಂತು. ಈ ಪುಸ್ತಕಗಳಲ್ಲಿ ಬಂದ್ಯೋಡಿನ ಹೆಸರಿಲ್ಲ, ಕನ್ನಡದ ಚರ್ಚೆಯೂ ಅವುಗಳ ವಿಷಯವಲ್ಲ. ಆದರೆ ಮಿದುಳು ಎಲ್ಲ ಊರಿನ ಮಕ್ಕಳಿಗೂ ಒಂದೇ ಬಗೆಯದು. ಕನ್ನಡಕ್ಕೆ ಸಂಬಂಧಿಸಿದ ಸಂಶೋಧನೆಗಳು ಬೇರೆ ಇವೆ. ಅವುಗಳನ್ನೂ ಜೊತೆಗೆ ಹೇಳುತ್ತೇನೆ.

ತಾಯಿಯ ಹೊಟ್ಟೆಯಲ್ಲಿ

ಮಿದುಳಿನ ಕೆಲಸ ನಾವು ಅಂದುಕೊಂಡದ್ದಕ್ಕಿಂತ ಬಹಳ ಮೊದಲೇ ಆರಂಭವಾಗುತ್ತದೆ. ಗರ್ಭ ನಿಂತ ಮೂರನೇ, ನಾಲ್ಕನೇ ವಾರದಲ್ಲಿ ಭ್ರೂಣದ ಬೆನ್ನಿನ ಉದ್ದಕ್ಕೂ ಇರುವ ಒಂದು ತೆಳುವಾದ ಪದರ, ಬಾಳೆ ಎಲೆ ಸುರುಳಿ ಸುತ್ತಿಕೊಂಡಂತೆ ಮಡಚಿ ಕೊಳವೆಯಾಗುತ್ತದೆ. ಆ ಕೊಳವೆಯ ಮೇಲ್ತುದಿ ಉಬ್ಬಿ ಮಿದುಳಾಗುತ್ತದೆ, ಉಳಿದ ಭಾಗ ಬೆನ್ನುಹುರಿಯಾಗುತ್ತದೆ. ಅನೇಕ ತಾಯಂದಿರಿಗೆ ತಾವು ಗರ್ಭಿಣಿ ಎಂಬುದು ಖಚಿತವಾಗುವ ಹೊತ್ತಿಗೆ ಈ ಕೊಳವೆ ಮುಚ್ಚಿ ಆಗಿರುತ್ತದೆ. ಅದು ಸರಿಯಾಗಿ ಮುಚ್ಚಲು ಫೋಲಿಕ್ ಆಮ್ಲ ಎಂಬ ವಿಟಮಿನ್ ಬೇಕು. 1991ರಲ್ಲಿ ಬ್ರಿಟನ್ನಿನ ವೈದ್ಯಕೀಯ ಸಂಶೋಧನಾ ಮಂಡಳಿ ಪ್ರಕಟಿಸಿದ ಅಧ್ಯಯನದಿಂದ ಇದು ಸ್ಪಷ್ಟವಾಯಿತು. ಮದುವೆಯಾದ ಹೆಣ್ಣುಮಕ್ಕಳಿಗೆ ಗರ್ಭ ನಿಲ್ಲುವ ಮೊದಲಿನಿಂದಲೇ ಈ ಮಾತ್ರೆ ತೆಗೆದುಕೊಳ್ಳಲು ವೈದ್ಯರು ಹೇಳುವುದು ಈ ಕಾರಣಕ್ಕೆ. ಹಾಗೆಯೇ ಅಯೋಡಿನ್ ಇರುವ ಉಪ್ಪು, ರಕ್ತಹೀನತೆಗೆ ಕಬ್ಬಿಣದ ಮಾತ್ರೆ. ಇವು ತಾಯಿಯ ಆರೋಗ್ಯಕ್ಕೆ ಎಷ್ಟು ಮುಖ್ಯವೋ ಮಗುವಿನ ಮುಂದಿನ ಕಲಿಕೆಗೂ ಅಷ್ಟೇ ಮುಖ್ಯ. ಆಶಾ ಕಾರ್ಯಕರ್ತೆಯರು ಮನೆಗೆ ತಂದುಕೊಡುವ ಮಾತ್ರೆಯನ್ನು ಕಪಾಟಿನಲ್ಲಿ ಇಟ್ಟು ಮರೆಯಬೇಡಿ.

ಆರನೇ ತಿಂಗಳು ಕಳೆಯುವಾಗ ಹೊಟ್ಟೆಯೊಳಗಿನ ಮಗುವಿಗೆ ಶಬ್ದ ಕೇಳಿಸಲಾರಂಭಿಸುತ್ತದೆ. ಹುಟ್ಟಿ ಮೂರು ದಿನವೂ ಆಗದ ಶಿಶು ಬೇರೆ ಹೆಂಗಸರ ದನಿಗಿಂತ ತನ್ನ ತಾಯಿಯ ದನಿಯನ್ನು ಹೆಚ್ಚು ಬಯಸುತ್ತದೆ ಎಂದು 1980ರಲ್ಲಿ ಅಮೆರಿಕದ ಡಿಕ್ಯಾಸ್ಪರ್ ಮತ್ತು ಫೈಫರ್ ತೋರಿಸಿದರು. ಮನೆಮಾತಿನ ಏರಿಳಿತವನ್ನೂ ಶಿಶು ಹುಟ್ಟುವಾಗಲೇ ಗುರುತಿಸುತ್ತದೆ ಎಂದು ಅನಂತರದ ಅಧ್ಯಯನಗಳು ಹೇಳಿದವು. ಎಂದರೆ ತಾಯಿಯ ತುಳು, ತಾಯಿಯ ಬ್ಯಾರಿ, ತಾಯಿಯ ಕನ್ನಡ ಮಗುವಿನ ಮೊದಲ ಪಾಠ. ಅದು ಆರಂಭವಾಗುವುದು ಬಾಲವಾಡಿಗಿಂತ ಬಹಳ ಹಿಂದೆ.

ನಡೆದಲ್ಲಿ ದಾರಿ

ಹುಟ್ಟುವಾಗ ಮಗುವಿನ ಮಿದುಳು ಸುಮಾರು 350ರಿಂದ 400 ಗ್ರಾಂ ತೂಗುತ್ತದೆ. ಬೆಳೆದ ಮನುಷ್ಯನಲ್ಲಿ ಅದು 1,300ರಿಂದ 1,400 ಗ್ರಾಂ. ಈ ಬೆಳವಣಿಗೆಯ ದೊಡ್ಡ ಪಾಲು ಮೊದಲ ಎರಡು ವರ್ಷಗಳಲ್ಲೇ ಆಗುತ್ತದೆ. ಆರು ವರ್ಷದ ಹೊತ್ತಿಗೆ ಮಿದುಳು ತನ್ನ ಪೂರ್ಣ ಗಾತ್ರದ ಸುಮಾರು 90 ಭಾಗವನ್ನು ಮುಟ್ಟಿರುತ್ತದೆ.

ಹಾಗೆಂದು ಆರು ವರ್ಷಕ್ಕೆ ಕೆಲಸ ಮುಗಿಯಿತೆಂದು ತಿಳಿಯಬಾರದು. ಮನುಷ್ಯನ ಮಿದುಳಿನಲ್ಲಿ ಸುಮಾರು 8,600 ಕೋಟಿ ನರಕೋಶಗಳಿವೆ. ಅವುಗಳಲ್ಲಿ ಬಹುತೇಕ ಎಲ್ಲವೂ ಹುಟ್ಟುವ ಮೊದಲೇ ತಯಾರಾಗಿರುತ್ತವೆ. ಹುಟ್ಟಿದ ಮೇಲೆ ಬೆಳೆಯುವುದು ಅವುಗಳ ನಡುವಿನ ಕೊಂಡಿಗಳು. ಒಂದು ನರಕೋಶ ಸಾವಿರಾರು ಬೇರೆ ಕೋಶಗಳೊಂದಿಗೆ ಕೊಂಡಿ ಹಾಕಿಕೊಳ್ಳುತ್ತದೆ. ಷಿಕಾಗೋದ ಮಕ್ಕಳ ನರವೈದ್ಯ ಪೀಟರ್ ಹಟ್ಟನ್‌ಲಾಕರ್ 1979ರಿಂದ ಮುಂದಕ್ಕೆ ಸೂಕ್ಷ್ಮದರ್ಶಕದಲ್ಲಿ ಈ ಕೊಂಡಿಗಳನ್ನು ಎಣಿಸಿ ನೋಡಿದರು. ಎಳೆಯ ಮಗುವಿನ ಮಿದುಳಿನಲ್ಲಿ ಕೊಂಡಿಗಳು ದೊಡ್ಡವರಿಗಿಂತ ಹೆಚ್ಚು ದಟ್ಟವಾಗಿದ್ದವು! ನೋಟಕ್ಕೆ ಸಂಬಂಧಿಸಿದ ಭಾಗದಲ್ಲಿ ಒಂದು ವರ್ಷದೊಳಗೇ ಅವು ಅತ್ಯಂತ ದಟ್ಟವಾಗುತ್ತವೆ. ಯೋಚನೆ, ತಾಳ್ಮೆ, ತೀರ್ಮಾನಗಳಿಗೆ ಬೇಕಾದ ಹಣೆಯ ಹಿಂದಿನ ಭಾಗದಲ್ಲಿ ಇದು ತಡವಾಗಿ ಆಗುತ್ತದೆ. ಅನಂತರ ಬಳಕೆಯಲ್ಲಿರುವ ಕೊಂಡಿಗಳು ಗಟ್ಟಿಯಾಗುತ್ತವೆ, ಬಳಸದಿದ್ದವು ಕಳಚುತ್ತವೆ. ಈ ಕೆಲಸ ಹದಿಹರೆಯ ಮುಗಿಯುವ ತನಕ ನಡೆಯುತ್ತದೆ.

ನಮ್ಮ ಗುಡ್ಡದ ಕಾಲುದಾರಿಯನ್ನು ನೆನಪಿಸಿಕೊಳ್ಳಿ. ಮೊದಲಿಗೆ ಜನ ಹತ್ತು ಕಡೆಯಿಂದ ಇಳಿಯುತ್ತಾರೆ. ದಿನವೂ ನಡೆದ ದಾರಿ ಸವೆದು ಅಗಲವಾಗುತ್ತದೆ. ನಡೆಯದೆ ಬಿಟ್ಟದ್ದನ್ನು ಒಂದು ಮಳೆಗಾಲದಲ್ಲಿ ಹುಲ್ಲು ಮುಚ್ಚುತ್ತದೆ. ಮಿದುಳಿನಲ್ಲಿ ಆಗುವುದು ಇದೇ. ಬಳಕೆಯ ದಾರಿಗೆ ಇನ್ನೂ ಒಂದು ಅನುಕೂಲ ಒದಗುತ್ತದೆ. ವಿದ್ಯುತ್ ತಂತಿಗೆ ರಬ್ಬರಿನ ಹೊದಿಕೆ ಇರುವಂತೆ ನರತಂತುಗಳ ಸುತ್ತ ಮಯಲಿನ್ ಎಂಬ ಕೊಬ್ಬಿನ ಹೊದಿಕೆ ಬೆಳೆಯುತ್ತದೆ. ಹೊದಿಕೆ ಬಂದ ತಂತುವಿನಲ್ಲಿ ಸಂದೇಶ ಅನೇಕ ಪಟ್ಟು ಬೇಗ ಓಡುತ್ತದೆ. ಇದು ಪೂರ್ಣವಾಗಲು ಇಪ್ಪತ್ತು ವರ್ಷ ದಾಟಬೇಕು. ಮೂರನೇ ತರಗತಿಯ ಮಗು "ನಿಧಾನ" ಎಂದು ನಾವು ಬೈಯುವಾಗ ಇದನ್ನು ನೆನೆಯುವುದು ಒಳ್ಳೆಯದು. ಅದರ ದಾರಿಯ ಕೆಲಸ ಇನ್ನೂ ಸಾಗಿದೆ.

ತ ಮತ್ತು ಟ

ಕಿವಿಯ ವಿಷಯದಲ್ಲಿ ಈ ದಾರಿ ಸವೆಯುವುದು ಎಷ್ಟು ಬೇಗ ಎಂಬುದಕ್ಕೆ ನಮ್ಮದೇ ಅಕ್ಷರಗಳ ಒಂದು ಸಾಕ್ಷಿ ಇದೆ. ಕೆನಡಾದಲ್ಲಿ ಜಾನೆಟ್ ವರ್ಕರ್ ಮತ್ತು ರಿಚರ್ಡ್ ಟೀಸ್ ಎಂಬವರು 1984ರಲ್ಲಿ ಪ್ರಕಟಿಸಿದ ಪ್ರಯೋಗವದು. ಇಂಗ್ಲಿಷ್ ಮನೆಗಳ ಶಿಶುಗಳಿಗೆ ಹಿಂದಿಯ 'ತ' ಮತ್ತು 'ಟ' ಧ್ವನಿಗಳನ್ನು ಕೇಳಿಸಿದರು. ಇಂಗ್ಲಿಷಿನಲ್ಲಿ ಈ ವ್ಯತ್ಯಾಸವಿಲ್ಲ. ಆದರೂ ಆರರಿಂದ ಎಂಟು ತಿಂಗಳ ಶಿಶುಗಳು ಎರಡನ್ನೂ ಬೇರೆ ಬೇರೆಯಾಗಿ ಗುರುತಿಸಿದವು. ಹತ್ತರಿಂದ ಹನ್ನೆರಡು ತಿಂಗಳಿಗೆ ಬರುವಾಗ ಅವುಗಳಲ್ಲಿ ಹೆಚ್ಚಿನವಕ್ಕೆ ಆ ಶಕ್ತಿ ಇರಲಿಲ್ಲ. ಮನೆಯಲ್ಲಿ ಕೇಳದ ಧ್ವನಿಯ ದಾರಿಗೆ ಹುಲ್ಲು ಬೆಳೆದಿತ್ತು. ನಮ್ಮ ಮನೆಗಳಲ್ಲಾದರೋ ತುಳುವಾಗಲಿ, ಕನ್ನಡವಾಗಲಿ, ಮಲಯಾಳವಾಗಲಿ, ಎಲ್ಲದರಲ್ಲೂ 'ತ'ಕಾರವೂ ಇದೆ, 'ಟ'ಕಾರವೂ ಇದೆ. ಈ ಭಾಷೆಗಳು ಒಂದೇ ಕುಟುಂಬದವು. ಒಂದಕ್ಕಾಗಿ ಸವೆದ ದಾರಿ ಇನ್ನೊಂದಕ್ಕೂ ಒದಗುತ್ತದೆ.

ಇನ್ನೊಂದು ಪ್ರಯೋಗ ಇಂದಿನ ತಾಯಂದಿರು ಕೇಳಲೇಬೇಕಾದದ್ದು. ಅಮೆರಿಕದ ಪೆಟ್ರೀಷಿಯಾ ಕೂಲ್ ಮತ್ತು ಸಂಗಡಿಗರು ಒಂಬತ್ತು ತಿಂಗಳ ಅಮೆರಿಕನ್ ಶಿಶುಗಳಿಗೆ ಚೀನಿ ಭಾಷೆ ಕೇಳಿಸಿ 2003ರಲ್ಲಿ ಫಲಿತಾಂಶ ಪ್ರಕಟಿಸಿದರು. ಎದುರು ಕುಳಿತು ಆಟಿಕೆ ಹಿಡಿದು ಮಾತಾಡಿದವರಿಂದ ಶಿಶುಗಳು ಹನ್ನೆರಡು ಅವಧಿಗಳಲ್ಲಿ ಚೀನಿ ಧ್ವನಿಗಳನ್ನು ಕಲಿತವು. ಅದೇ ಮಾತನ್ನು ಅಷ್ಟೇ ಹೊತ್ತು ಟಿ.ವಿ.ಯಲ್ಲಿ ತೋರಿಸಿದಾಗ ಏನೂ ಕಲಿಯಲಿಲ್ಲ. ಮಗುವಿನ ಕೈಗೆ ಮೊಬೈಲು ಕೊಟ್ಟು "ಇಂಗ್ಲಿಷ್ ಹಾಡು ಕಲಿಯುತ್ತಿದೆ" ಎಂದು ಸಮಾಧಾನಪಡುವವರು ಇದನ್ನು ಗಮನಿಸಬೇಕು. ಎಳೆಯ ಮಿದುಳು ಭಾಷೆಯನ್ನು ಹಿಡಿಯುವುದು ಮುಖ ನೋಡಿ ಮಾತಾಡುವ ಮನುಷ್ಯರಿಂದ. ಅಡುಗೆ ಮಾಡುತ್ತಾ ಅಜ್ಜಿ ಹೇಳುವ ನಾಲ್ಕು ಮಾತಿಗೆ ಯಂತ್ರದ ನಲ್ವತ್ತು ಹಾಡು ಸಮವಾಗಲಾರದು.

ಅನೇಕ ಭಾಷೆ ಹೊರೆಯೇ?

ಇನ್ನು ತಾವು ಕೇಳುವ ಮುಖ್ಯ ಪ್ರಶ್ನೆಗೆ ಬರೋಣ. ಮಗುವಿನ ಮಿದುಳು ಒಂದು ಭಾಷೆ ತುಂಬಿದರೆ ಇನ್ನೊಂದಕ್ಕೆ ಜಾಗವಿಲ್ಲದಂತಹ ಚೀಲವಲ್ಲ. ಎರಡು ಮೂರು ಭಾಷೆ ಕೇಳುತ್ತಾ ಬೆಳೆಯುವ ಮಗು ಒಂದೊಂದು ಭಾಷೆಯಲ್ಲಿ ಕೆಲವು ಶಬ್ದಗಳನ್ನು ಕಡಿಮೆ ಬಲ್ಲದಾಗಬಹುದು. ಎಲ್ಲ ಭಾಷೆಗಳ ಶಬ್ದಗಳನ್ನು ಕೂಡಿಸಿದರೆ ಅದರ ಸಂಪತ್ತು ಕಡಿಮೆಯಿಲ್ಲ. ಒಂದು ವಾಕ್ಯದಲ್ಲಿ ತುಳು, ಕನ್ನಡ, ಮಲಯಾಳ ಬೆರೆಸಿ ಆಡಿದರೆ ಅದು ಗೊಂದಲದ ಲಕ್ಷಣವೂ ಅಲ್ಲ. ಯಾರೊಡನೆ ಯಾವ ಭಾಷೆ ಎಂಬುದನ್ನು ಮಕ್ಕಳು ಬೇಗ ತಿಳಿಯುತ್ತಾರೆ. ಅಜ್ಜಿಯೊಡನೆ ಒಂದು, ಅಂಗಡಿಯವರೊಡನೆ ಇನ್ನೊಂದು ಎಂದು ಇಲ್ಲಿನ ಐದು ವರ್ಷದ ಮಗು ತಪ್ಪದೆ ಬದಲಿಸುವುದನ್ನು ತಾವೆಲ್ಲ ನೋಡಿದ್ದೀರಿ.

ಮುಪ್ಪಿನಲ್ಲಿಯೂ ಈ ಸಂಪತ್ತು ಕೈ ಹಿಡಿಯುವಂತೆ ತೋರುತ್ತದೆ. ಹೈದರಾಬಾದಿನಲ್ಲಿ ನರವೈದ್ಯೆ ಡಾ. ಸುವರ್ಣಾ ಅಲ್ಲಾಡಿ ಮತ್ತು ಸಂಗಡಿಗರು ಮರೆಗುಳಿ ರೋಗ ಬಂದ 648 ಜನರನ್ನು ಅಭ್ಯಾಸ ಮಾಡಿ 2013ರಲ್ಲಿ ವರದಿ ಪ್ರಕಟಿಸಿದರು. ಒಂದೇ ಭಾಷೆ ಬಲ್ಲವರಿಗಿಂತ ಎರಡು ಅಥವಾ ಹೆಚ್ಚು ಭಾಷೆ ಬಲ್ಲವರಲ್ಲಿ ರೋಗ ಸುಮಾರು ನಾಲ್ಕೂವರೆ ವರ್ಷ ತಡವಾಗಿ ಕಾಣಿಸಿಕೊಂಡಿತ್ತು. ಓದು ಬರಹ ಬಾರದವರಲ್ಲಿಯೂ ಈ ವ್ಯತ್ಯಾಸ ಇತ್ತು ಎಂಬುದು ವಿಶೇಷ. ಡಾ. ಅಲ್ಲಾಡಿ ಅನಂತರ ಬೆಂಗಳೂರಿನ ನಿಮ್ಹಾನ್ಸ್‌ಗೆ ಬಂದು ಈ ಕೆಲಸವನ್ನು ಮುಂದುವರಿಸಿದರು. ಇದರ ಬಗ್ಗೆ ವಿಜ್ಞಾನಿಗಳಲ್ಲಿ ಚರ್ಚೆ ಇದೆ. ಬೇರೆ ದೇಶಗಳ ಎಲ್ಲ ಅಧ್ಯಯನಗಳಲ್ಲಿಯೂ ಇದೇ ಫಲ ಬಂದಿಲ್ಲ. ಆದರೆ ಹಲವು ಭಾಷೆಯಿಂದ ಮಿದುಳಿಗೆ ಹಾನಿ ಎಂದು ಯಾವ ಒಳ್ಳೆಯ ಅಧ್ಯಯನವೂ ಹೇಳಿಲ್ಲ.

ನಮ್ಮ ನೆಲಕ್ಕೆ ಇದು ಹೊಸ ಸಂಗತಿಯೂ ಅಲ್ಲ. ಮಂಜೇಶ್ವರದ ರಾಷ್ಟ್ರಕವಿ ಗೋವಿಂದ ಪೈಗಳ ಮನೆಮಾತು ಕೊಂಕಣಿ, ಬರೆದದ್ದು ಕನ್ನಡದಲ್ಲಿ. ಅವರಿಗೆ ತಿಳಿದಿದ್ದ ಭಾಷೆಗಳು ಇಪ್ಪತ್ತಕ್ಕೂ ಮಿಕ್ಕಿ. ನೂರು ವರ್ಷ ಬಾಳಿದ ಕಯ್ಯಾರ ಕಿಞ್ಞಣ್ಣ ರೈಗಳು ತುಳು ಮನೆಯವರು. ಕನ್ನಡದಲ್ಲಿ ಪಾಠ ಹೇಳಿದರು, ಎರಡೂ ಭಾಷೆಗಳಲ್ಲಿ ಕವಿತೆ ಬರೆದರು. ಎಲ್ಲರ ಮಕ್ಕಳೂ ಗೋವಿಂದ ಪೈಗಳಾಗುವುದಿಲ್ಲ ನಿಜ. ಆದರೆ ಭಾಷೆ ಹೆಚ್ಚಾದುದರಿಂದ ತಲೆ ಕೆಟ್ಟವರು ಈ ಸೀಮೆಯಲ್ಲಿ ಯಾರೂ ಇಲ್ಲ.

ಇಲ್ಲೊಂದು ಎಚ್ಚರಿಕೆ. ಎರಡು ವರ್ಷವಾದರೂ ಮಗು ಎರಡು ಶಬ್ದ ಕೂಡಿಸಿ ಮಾತಾಡದಿದ್ದರೆ "ಮನೆಯಲ್ಲಿ ಭಾಷೆ ಹೆಚ್ಚು, ಅದಕ್ಕೇ ತಡ" ಎಂದು ಸುಮ್ಮನಿರಬೇಡಿ. ಮೊದಲು ಕಿವಿ ಪರೀಕ್ಷೆ ಮಾಡಿಸಿ. ಮಾತು ತಡವಾಗಲು ಕಾರಣಗಳು ಬೇರೆ ಇರುತ್ತವೆ. ಅವನ್ನು ಬೇಗ ಕಂಡುಹಿಡಿದಷ್ಟು ಒಳ್ಳೆಯದು. ಈ ವಿಷಯಕ್ಕೆಂದೇ ಮೈಸೂರಿನಲ್ಲಿ 1965ರಿಂದ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ ಕೆಲಸ ಮಾಡುತ್ತಿದೆ.

ಅಕ್ಷರಕ್ಕೆ ಜಾಗ ಎಲ್ಲಿ?

ಮಾತು ಬೇರೆ, ಓದು ಬೇರೆ. ಮಾತು ಮನುಷ್ಯನ ಬಳಿ ಸಾವಿರಾರು ತಲೆಮಾರುಗಳಿಂದ ಇದೆ. ಬರವಣಿಗೆ ಹುಟ್ಟಿ ಸುಮಾರು ಐದು ಸಾವಿರ ವರ್ಷಗಳಷ್ಟೇ ಆಗಿವೆ. ಅಷ್ಟರಲ್ಲಿ ಓದಿಗಾಗಿಯೇ ಮಿದುಳಿನಲ್ಲಿ ಹೊಸ ಭಾಗ ಹುಟ್ಟಿಕೊಳ್ಳುವುದು ಸಾಧ್ಯವಿಲ್ಲ. ಹಾಗಾದರೆ ನಾವು ಓದುವುದು ಹೇಗೆ? ದೆಹಾನ್ ಅವರ ಪುಸ್ತಕದ ತಿರುಳು ಈ ಪ್ರಶ್ನೆಗೆ ಉತ್ತರ. ಮುಖ, ವಸ್ತು, ಆಕೃತಿಗಳನ್ನು ಗುರುತಿಸಲೆಂದಿದ್ದ ಮಿದುಳಿನ ಹಿಂಬದಿಯ ಎಡ ಭಾಗದ ಒಂದು ಸಣ್ಣ ಜಾಗವನ್ನು ಓದು ಕಲಿಯುವ ಮಗು ಅಕ್ಷರಗಳಿಗಾಗಿ ಒಗ್ಗಿಸಿಕೊಳ್ಳುತ್ತದೆ. ಹಳೆಯ ಕೊಟ್ಟಿಗೆಯನ್ನು ಅಂಗಡಿ ಕೋಣೆ ಮಾಡಿಕೊಂಡಂತೆ. ಚೀನಿ ಓದುವವರಲ್ಲಿ, ಫ್ರೆಂಚ್ ಓದುವವರಲ್ಲಿ, ಹೀಬ್ರೂ ಓದುವವರಲ್ಲಿ ಈ ಜಾಗ ಹೆಚ್ಚುಕಡಿಮೆ ಒಂದೇ ಕಡೆ ಇರುತ್ತದೆ. ಇದನ್ನು ದೆಹಾನ್ ಅಕ್ಷರಪೆಟ್ಟಿಗೆ ಎಂದು ಕರೆದಿದ್ದಾರೆ.

ಅಕ್ಷರಪೆಟ್ಟಿಗೆ ಒಂದೇ ಇದ್ದರೆ ಸಾಲದು. ಅಲ್ಲಿಂದ ಮಾತಿನ ಧ್ವನಿಗಳಿಗೆ, ಶಬ್ದಗಳ ಅರ್ಥಕ್ಕೆ ದಾರಿ ಕಡಿಯಬೇಕು. ಮಗು 'ಮಳೆ' ಎಂಬ ಎರಡು ಅಕ್ಷರ ನೋಡಿ, ಧ್ವನಿ ಕೂಡಿಸಿ, ಅಂಗಳದಲ್ಲಿ ಸುರಿಯುವ ಮಳೆಯನ್ನು ನೆನೆದಾಗ ಆ ದಾರಿ ಕೂಡಿತು. ಕಿವಿಗೆ ಪರಿಚಯವಿಲ್ಲದ, ಅರ್ಥ ತಿಳಿಯದ ಶಬ್ದವನ್ನು ಬಾಯಿಪಾಠ ಮಾಡಿಸಿದರೆ ಅಕ್ಷರ ಧ್ವನಿಯವರೆಗೆ ಮಾತ್ರ ಹೋಗಿ ನಿಲ್ಲುತ್ತದೆ. ಗಿಳಿಪಾಠ ಎನ್ನುವುದು ಇದಕ್ಕೇ.

ಈಗ ಕನ್ನಡಕ್ಕೆ ಬರೋಣ. ಇಂಗ್ಲಿಷಿನಲ್ಲಿ 26 ಅಕ್ಷರ. ಕನ್ನಡ ವರ್ಣಮಾಲೆಯಲ್ಲಿ 49, ಕಾಗುಣಿತ ಸೇರಿದರೆ ನಾನೂರಕ್ಕೂ ಮಿಕ್ಕಿದ ರೂಪಗಳು, ಅದರ ಮೇಲೆ ಒತ್ತಕ್ಷರಗಳು. ಮಕ್ಕಳು ಇದನ್ನು ಯಾವ ವೇಗದಲ್ಲಿ ಕಲಿಯುತ್ತಾರೆ ಎಂಬುದನ್ನು ಬೆಂಗಳೂರಿನ ಪ್ರಾಮಿಸ್ ಫೌಂಡೇಶನ್ನಿನ ಸೊನಾಲಿ ನಾಗ್ ಅಭ್ಯಾಸ ಮಾಡಿ 2007ರಲ್ಲಿ ಪ್ರಕಟಿಸಿದರು. ಅವರು ಕಂಡದ್ದು ಇದು: ಕನ್ನಡದ ಅಕ್ಷರ ಸಂಪತ್ತು ಒಂದೆರಡು ವರ್ಷಗಳಲ್ಲಿ ಪೂರ್ತಿಯಾಗುವುದಿಲ್ಲ. ಅದು ಮೂರನೇ, ನಾಲ್ಕನೇ ತರಗತಿಯವರೆಗೂ ಬೆಳೆಯುತ್ತಾ ಹೋಗುತ್ತದೆ. ಇದು ಮಗುವಿನ ದಡ್ಡತನದಿಂದ ಆಗುವ ವಿಳಂಬವಲ್ಲ. ಅಕ್ಷರಗಳ ಸಂಖ್ಯೆ ಹೆಚ್ಚು, ಆದುದರಿಂದ ಕಾಲವೂ ಹೆಚ್ಚು ಬೇಕು. ಅದಕ್ಕೆ ಪ್ರತಿಫಲವೂ ಇದೆ. ಕನ್ನಡದಲ್ಲಿ ಬರೆದಂತೆ ಓದುತ್ತೇವೆ. ಇಂಗ್ಲಿಷಿನಲ್ಲಿ 'ಬಟ್' ಎಂಬುದಕ್ಕೆ ಒಂದು ಉಚ್ಚಾರ, ಅದೇ ಸ್ವರಾಕ್ಷರ ಇರುವ 'ಪುಟ್' ಎಂಬುದಕ್ಕೆ ಇನ್ನೊಂದು. ಅಕ್ಷರ ಕೂಡಿದ ಮೇಲೆ ಕನ್ನಡದ ಮಗು ಹೊಸ ಶಬ್ದವನ್ನೂ ಯಾರ ಸಹಾಯವಿಲ್ಲದೆ ಓದಬಲ್ಲದು.

ತಾವು ದಯಮಾಡಿ ಗಮನಿಸಬೇಕಾದ ಸಂಗತಿ ಇದು. ಎರಡು, ಮೂರನೇ ತರಗತಿಯಲ್ಲಿ ಮಗು ಒತ್ತಕ್ಷರದಲ್ಲಿ ತಡವರಿಸುವುದು ಸಹಜ ಹಂತ. ಇನ್ನೊಂದು ವರ್ಷದಲ್ಲಿ ಓದು ಸರಾಗವಾಗಲಿದೆ. ಅದೇ ಹೊತ್ತಿಗೆ "ಕನ್ನಡ ಬರುವುದಿಲ್ಲ" ಎಂದು ಶಾಲೆ ಬಿಡಿಸಿ ಇನ್ನೊಂದು ಮಾಧ್ಯಮಕ್ಕೆ ಹಾಕಿದರೆ, ಅರ್ಧ ಕಡಿದ ದಾರಿ ಹಾಗೆಯೇ ಉಳಿಯುತ್ತದೆ. ಹೊಸ ಮಾಧ್ಯಮದಲ್ಲಿ ಪುನಃ ಮೊದಲಿನಿಂದ ಆರಂಭ. ಕನ್ನಡದಲ್ಲಿ ಪತ್ರಿಕೆ ಓದಲಾಗದ, ಇಂಗ್ಲಿಷಿನಲ್ಲಿ ಪಾಠ ಅರ್ಥವಾಗದ ಸ್ಥಿತಿಗೆ ಮಕ್ಕಳು ತಲಪುವುದು ಹೆಚ್ಚಾಗಿ ಹೀಗೆ.

ಪ್ರಶ್ನೆ ಕೇಳುವ ಭಾಷೆ

'ಹೌ ವಿ ಲರ್ನ್' ಪುಸ್ತಕದಲ್ಲಿ ದೆಹಾನ್ ಕಲಿಕೆಗೆ ನಾಲ್ಕು ಕಂಬಗಳನ್ನು ಹೇಳುತ್ತಾರೆ. ಗಮನ, ಮಗು ತಾನಾಗಿ ತೊಡಗುವುದು, ತಪ್ಪಾದಾಗ ತಿದ್ದುವಿಕೆ, ಮತ್ತು ಕಲಿತದ್ದು ನೆಲೆಗೊಳ್ಳುವುದು. ಮೊದಲ ಮೂರೂ ಭಾಷೆಯನ್ನು ಅವಲಂಬಿಸಿವೆ. ಅರ್ಥವಾಗದ ಮಾತಿಗೆ ಗಮನ ನಿಲ್ಲದು. "ಮಾಸ್ತರೇ, ಅದು ಹೇಗೆ?" ಎಂದು ಕೇಳಲು ಮಗುವಿನ ಬಾಯಿಗೆ ಶಬ್ದ ಬರಬೇಕು. ತಪ್ಪನ್ನು ತಿದ್ದುವಾಗ ಏಕೆ ತಪ್ಪು ಎಂಬುದು ತಿಳಿಯಬೇಕು. ಕೇಳದೆ, ಹೇಳದೆ ತಲೆಯಾಡಿಸುವ ಮಗು ಶಿಸ್ತಿನ ಮಗುವಿನಂತೆ ಕಾಣುತ್ತದೆ, ಕಲಿಯುತ್ತಿರುವುದು ಮಾತ್ರ ಬಹಳ ಸ್ವಲ್ಪ.

ಇದೇ ಮಾತು ಕನ್ನಡ ತರಗತಿಗೆ ಕನ್ನಡ ತಿಳಿಯದ ಅಧ್ಯಾಪಕರು ಬಂದಾಗಲೂ ಅನ್ವಯಿಸುತ್ತದೆ. ಕಾಸರಗೋಡಿನ ಕನ್ನಡ ಶಾಲೆಗಳಲ್ಲಿ ಇಂತಹ ನೇಮಕಗಳಾಗಿ ಹೆತ್ತವರೂ ಮಕ್ಕಳೂ ಪ್ರತಿಭಟಿಸಿದ್ದು ತಮಗೆ ಗೊತ್ತಿದೆ. ಅಧ್ಯಾಪಕರು ತಮ್ಮ ವಿಷಯದಲ್ಲಿ ಎಷ್ಟೇ ಪಂಡಿತರಾಗಿರಲಿ, ಮಗುವಿನ ಪ್ರಶ್ನೆ ಅವರಿಗೆ, ಅವರ ಉತ್ತರ ಮಗುವಿಗೆ ತಿಳಿಯದಿದ್ದರೆ ನಾಲ್ಕರಲ್ಲಿ ಮೂರು ಕಂಬ ಬೀಳುತ್ತವೆ. 1956ರಲ್ಲಿ ಸಂವಿಧಾನಕ್ಕೆ ಸೇರಿಸಿದ 350ಎ ವಿಧಿ, ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯಲ್ಲಿ ಶಿಕ್ಷಣಕ್ಕೆ ಸಾಕಷ್ಟು ಸೌಲಭ್ಯ ಒದಗಿಸಬೇಕೆಂದು ಹೇಳುತ್ತದೆ. ನಾವು ಅದನ್ನು ಹಕ್ಕಿನ ಮಾತಾಗಿ ಹೇಳುತ್ತಾ ಬಂದಿದ್ದೇವೆ. ಅದು ಮಿದುಳಿನ ಮಾತೂ ಹೌದು.

ಇಲ್ಲಿ ಒಂದು ಆಕ್ಷೇಪ ಬರುತ್ತದೆ, ಅದನ್ನು ಮುಚ್ಚಿಡಬಾರದು. "ನಮ್ಮ ಮನೆಮಾತು ತುಳು ಅಥವಾ ಬ್ಯಾರಿ. ಕನ್ನಡವೂ ನಮಗೆ ಕಲಿತ ಭಾಷೆಯೇ. ಹಾಗಿದ್ದರೆ ಇಂಗ್ಲಿಷ್ ಏಕಾಗಬಾರದು?" ಎಂಬ ಆಕ್ಷೇಪ. ಉತ್ತರ ಹೀಗೆ: ಮಗುವಿಗೆ ಬೇಕಾದದ್ದು ಮನೆಮಾತಿಗೆ ಹತ್ತಿರದ, ಸುತ್ತಲೂ ಕಿವಿಗೆ ಬೀಳುವ, ಮನೆಯ ಹಿರಿಯರು ಓದಿ ಹೇಳಬಲ್ಲ ಭಾಷೆ. ಹಲವು ಬ್ಯಾರಿ ಮನೆಗಳಿಗೆ ಮಲಯಾಳವೂ ಹತ್ತಿರವೇ. ಆದರೆ ತಂದೆತಾಯಿ ಓದಿದ್ದು ಕನ್ನಡದಲ್ಲಿ, ಮನೆಗೆ ಬರುವ ಪತ್ರಿಕೆ ಕನ್ನಡದ್ದು, ಯಕ್ಷಗಾನ ನೋಡುವುದು ಕನ್ನಡದಲ್ಲಿ ಎಂದಾದರೆ ಆ ಮಗುವಿನ ಓದಿನ ದಾರಿಗೆ ಕನ್ನಡವೇ ಸಮೀಪ. ಸಂಜೆ ಪಾಠಪುಸ್ತಕ ಹಿಡಿದು ಕೂತ ಮಗುವಿಗೆ ತಾಯಿ ನೆರವಾಗಬಲ್ಲರೇ ಎಂಬುದನ್ನು ಪ್ರತಿಯೊಂದು ಮನೆಯೂ ಕೇಳಿಕೊಳ್ಳಲಿ. ಮಾಧ್ಯಮವನ್ನು ಆರಿಸುವ ಸ್ವಾತಂತ್ರ್ಯ ಹೆತ್ತವರದು ಎಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 2014ರಲ್ಲಿ ತೀರ್ಪಿತ್ತಿದೆ. ಆರಿಸುವ ಹೊಣೆ ನಮ್ಮದಾದುದರಿಂದಲೇ ತಿಳಿದು ಆರಿಸಬೇಕು.

"ಇಂಗ್ಲಿಷಿನ ಕಾಲ ಮೀರಿ ಹೋಗುತ್ತದೆ" ಎಂಬ ಭಯವೂ ಇದೆ. ಕಲಿಕೆಗೆ ಅನುಕೂಲವಾದ ವಯಸ್ಸುಗಳು ಇವೆ. ಪರಭಾಷೆಯ ಉಚ್ಚಾರವನ್ನು ಎಳೆಯರು ಚೆನ್ನಾಗಿ ಹಿಡಿಯುತ್ತಾರೆ. ಆದರೆ ಬಾಗಿಲು ಒಂದು ದಿನ ಧಡಾರನೆ ಮುಚ್ಚುವುದಿಲ್ಲ. ಭಾರತ ಮೂಲದ ವಿಜ್ಞಾನಿ ಪವನ್ ಸಿನ್ಹಾ ಅವರ 'ಪ್ರಕಾಶ್' ಯೋಜನೆಯಲ್ಲಿ ಉತ್ತರ ಭಾರತದ ಹುಟ್ಟುಕುರುಡು ಮಕ್ಕಳಿಗೆ ಎಂಟು, ಹತ್ತು ವರ್ಷ ದಾಟಿದ ಮೇಲೆ ಕಣ್ಣಿನ ಪೊರೆ ತೆಗೆಯಲಾಯಿತು. ನೋಟ ಕಲಿಯುವ ಕಾಲ ಮುಗಿದಿದೆ ಎಂದು ಹಿಂದಿನವರು ನಂಬಿದ್ದ ವಯಸ್ಸು ಅದು. ಆದರೂ ಅನೇಕ ಮಕ್ಕಳು ತಿಂಗಳುಗಳ ಅಭ್ಯಾಸದಿಂದ ವಸ್ತುಗಳನ್ನು, ಮುಖಗಳನ್ನು ಗುರುತಿಸಲು ಕಲಿತರು. ನೋಟವನ್ನೇ ಹೀಗೆ ತಡವಾಗಿ ಕಲಿಯಬಹುದಾದರೆ, ಕನ್ನಡದಲ್ಲಿ ಓದು ಗಟ್ಟಿಯಾದ ಮಗು ಒಳ್ಳೆಯ ಅಧ್ಯಾಪಕರ ಕೈಯಲ್ಲಿ ಇಂಗ್ಲಿಷನ್ನೂ ಮಲಯಾಳವನ್ನೂ ಕಲಿಯಲಾರದೇ? ಈ ಭಾಷೆಗಳು ಮಗುವಿಗೆ ಬೇಕು. ಕನ್ನಡ ಮಾಧ್ಯಮ ಎಂದರೆ ಇಂಗ್ಲಿಷ್ ಬೇಡವೆಂದಲ್ಲ. ಇಂಗ್ಲಿಷನ್ನು ಭಾಷೆಯಾಗಿ ಚೆನ್ನಾಗಿ ಕಲಿಸಿ ಎಂದು ನಾವು ನಮ್ಮ ಶಾಲೆಗಳನ್ನು ಒತ್ತಾಯಿಸಬೇಕು.

ಮನೆಯಲ್ಲಿ ಮಾಡಬಹುದಾದದ್ದು

ಕೊನೆಯದಾಗಿ, ಖರ್ಚಿಲ್ಲದ ಕೆಲವು ಕೆಲಸಗಳು.

ಒಂದು, ಮಗುವಿನೊಡನೆ ಮಾತಾಡಿ. ತಮಗೆ ಸಲೀಸಾದ ಭಾಷೆಯಲ್ಲಿ ಧಾರಾಳವಾಗಿ ಮಾತಾಡಿ. ಶಾಲೆಯ ಭಾಷೆಗಾಗಿ ತುಳುವನ್ನೋ ಬ್ಯಾರಿಯನ್ನೋ ನಿಲ್ಲಿಸಬೇಡಿ. ಮಗುವಿನ ಮಾತಿಗೆ ಕಿವಿಗೊಟ್ಟು ಉತ್ತರಿಸುವುದೂ ಮಾತಾಡಿದಷ್ಟೇ ಮುಖ್ಯ.

ಎರಡು, ದಿನಕ್ಕೆ ಹತ್ತು ನಿಮಿಷ ಕನ್ನಡದಲ್ಲಿ ಗಟ್ಟಿಯಾಗಿ ಓದಿ ಹೇಳಿ. ಕತೆ ಪುಸ್ತಕವಾಗಬಹುದು, ಪತ್ರಿಕೆಯ ಸುದ್ದಿಯಾಗಬಹುದು. ತುಳು ಮನೆಯ ಮಗುವಿನ ಕಿವಿಗೆ ಪುಸ್ತಕದ ಕನ್ನಡ ಬೀಳುವ ದಾರಿ ಇದು. ತಾಯಿಗೆ ಓದು ಬಾರದಿದ್ದರೆ ಅಣ್ಣ ಅಕ್ಕಂದಿರು ಓದಲಿ, ತಾಯಿ ಹತ್ತಿರ ಕುಳಿತು ಕೇಳಲಿ. ಯಕ್ಷಗಾನಕ್ಕೆ ಕರೆದುಕೊಂಡು ಹೋದರೆ ಅದೂ ಪಾಠವೇ. ಕುಂಬಳೆಯ ಪಾರ್ತಿಸುಬ್ಬನ ಊರಿನ ಮಕ್ಕಳಿಗೆ ಅದು ಕಷ್ಟವಲ್ಲ.

ಮೂರು, ನಿದ್ದೆ. ಕಲಿತದ್ದು ಮಿದುಳಿನಲ್ಲಿ ನೆಲೆಗೊಳ್ಳುವ ಕೆಲಸ ನಿದ್ದೆಯಲ್ಲಿ ನಡೆಯುತ್ತದೆ, ದೆಹಾನರ ನಾಲ್ಕನೆಯ ಕಂಬ ಇದೇ. ಪ್ರಾಥಮಿಕ ಶಾಲೆಯ ಮಗುವಿಗೆ ಒಂಬತ್ತು, ಹತ್ತು ಗಂಟೆ ನಿದ್ದೆ ಬೇಕು. ರಾತ್ರಿ ಮೊಬೈಲು ದೊಡ್ಡವರ ಹತ್ತಿರ ಇರಲಿ.

ನಾಲ್ಕು, ಕಣ್ಣು, ಕಿವಿ, ರಕ್ತ ಪರೀಕ್ಷೆ ಮಾಡಿಸಿ. ಹಲಗೆ ಕಾಣದ ಮಗುವನ್ನೂ ರಕ್ತಹೀನತೆಯಿಂದ ಬಳಲುವ ಮಗುವನ್ನೂ ನಾವು ಸೋಮಾರಿ ಎಂದುಬಿಡುತ್ತೇವೆ. ನಾಲ್ಕನೇ ತರಗತಿ ಮುಗಿಯುವಾಗಲೂ ಸರಳ ವಾಕ್ಯ ಓದಲಾಗದ ಮಗು ಇದ್ದರೆ ಅಧ್ಯಾಪಕರನ್ನು ಕಂಡು ಪರೀಕ್ಷೆಗೆ ಏರ್ಪಾಟು ಮಾಡಿ. ಅಂತಹ ಮಕ್ಕಳಿಗೆ ಬೇರೆ ಬಗೆಯ ಕಲಿಸುವಿಕೆ ಬೇಕಾಗಬಹುದು. ಮಾಧ್ಯಮ ಬದಲಿಸಿದರೆ ಅದು ಸರಿಹೋಗದು.

ಐದು, ರಕ್ಷಕ-ಶಿಕ್ಷಕ ಸಂಘದ ಸಭೆಗೆ ಬನ್ನಿ. ತರಗತಿಗೆ ಬರುವ ಅಧ್ಯಾಪಕರಿಗೆ ಮಗುವಿನ ಭಾಷೆ ತಿಳಿದಿದೆಯೇ, ಶಾಲೆಯಲ್ಲಿ ಕನ್ನಡ ಕತೆ ಪುಸ್ತಕಗಳಿವೆಯೇ, ಅವು ಬೀರುವಿನಿಂದ ಹೊರಗೆ ಬರುತ್ತವೆಯೇ ಎಂದು ಕೇಳಿ. ಒಬ್ಬರು ಕೇಳಿದರೆ ದೂರು ಎನಿಸುತ್ತದೆ, ನಲವತ್ತು ಜನ ಕೇಳಿದರೆ ಉತ್ತರ ಕೊಡಲೇಬೇಕಾಗುತ್ತದೆ.

ಹೆತ್ತವರೇ, ಈ ವರ್ಷವೂ ರಜೆ ಬರುತ್ತದೆ, ಆ ಮಾತೂ ಏಳುತ್ತದೆ. ಆಗ ಮಗುವಿನ ಕೈಗೆ ಒಂದು ಕನ್ನಡ ಪುಸ್ತಕ ಕೊಟ್ಟು ಹತ್ತಿರ ಕುಳಿತುಕೊಳ್ಳಿ. ಎಲ್ಲಿ ತಡೆಯುತ್ತದೆ ಎಂದು ನೋಡಿ. ತಡೆಯುವುದು ಒತ್ತಕ್ಷರದಲ್ಲಾದರೆ ಮಗು ಸರಿಯಾದ ದಾರಿಯಲ್ಲೇ ಇದೆ. ಅದಕ್ಕೆ ನಾಲ್ಕನೇ ತರಗತಿಯವರೆಗೆ ಕಾಲಾವಕಾಶ ಕೊಡಿ.